ಎರವಲು ರಾಗ

ನಿರ್ದೇಶಕರು ಆ ರಾಗಕ್ಕೆ ಮನಸೋತದ್ದೇ ಎಲ್ಲ ತಾಪತ್ರಯಕ್ಕೂ ಮೂಲ. ಹೊಸ ಸಂಗೀತ ಬರುವ ತನಕ ಇರಲಿ ಎಂದು ಸಂಕಲನಕಾರ ದೃಶ್ಯಗಳಿಗೆ ಎಲ್ಲಿಂದಲೋ ಹಳೆಯ ತುಣುಕು ತಂದು ತುಂಬುವುದುಂಟು. ಕೊನೆಯ ದೃಶ್ಯಕ್ಕೆ ಹಾಗೆ ತುಂಬಿದ್ದನ್ನು ಕೇಳಿ ಕೇಳಿ ಅವರಿಗೆ ಅದರ ಹುಚ್ಚೇ ಹಿಡಿದಿತ್ತು.

“ಹೀಗೇ ಇರ್ಬೇಕು, ಆದ್ರೆ ಇದಾಗಿರ್ಬಾರ್ದು,” ಎಂದು ಬೆಳಿಗ್ಗೆ ಫೋನಿನಲ್ಲಿ ಹೇಳಿದರು. “ಸಂಜೆಯೊಳಗೆ ಆಗ್ದಿದ್ರೆ ಬೇರೆಯವರನ್ನ ನೋಡ್ಕೋತೀನಿ.”

ಸಂಗೀತಗಾರ ಫೋನಿಗೇ ಕೈಮುಗಿದು ಒಪ್ಪಿಕೊಂಡ. ವರ್ಷಗಟ್ಟಲೆ ಗುರುಗಳ ಸಹಾಯಕನಾಗಿ, ಅವರ ಹೆಸರಿನಲ್ಲಿ ರಾಗ ಹಾಕಿ ಸವೆದವನು ಅವನು. ಇದು ನಾಯಕನೇ ಚಹಾ ಹಂಚುವಂಥ ಪುಟ್ಟ ಸಿನಿಮಾ ನಿಜ. ಆದರೆ ತೆರೆಯ ಮೇಲೆ ‘ಸಂಗೀತ’ ಎಂಬುದರ ಪಕ್ಕದಲ್ಲಿ ಮೊದಲ ಸಲ ಅವನ ಹೆಸರು ಬರುವುದಿತ್ತು. ಆ ಒಂದು ಆಸೆಗೆ ಅವನು ಏನು ಬೇಕಾದರೂ ಸಹಿಸಲು ಸಿದ್ಧನಿದ್ದ.

ಮಲಗುವ ಕೋಣೆಯೇ ಅವನ ಸ್ಟುಡಿಯೋ. ಕಿಟಕಿಗೆ ಹಾಸಿಗೆ ಒರಗಿಸಿ, ಬಾಗಿಲಿಗೆ ಕಂಬಳಿ ಹೊದಿಸಿ, ಆ ಹಾಳು ರಾಗ ಹಾಕಿದ ಪುಣ್ಯಾತ್ಮನಿಗೆ ಹಿಡಿಶಾಪ ಹಾಕುತ್ತ ಕೀಬೋರ್ಡಿನ ಮುಂದೆ ಕೂತ. ಹೆಂಡತಿಯ ಅಣ್ಣ ಕಂಬಳಿ ಸರಿಸಿ ಬಂದು, ಸ್ವಲ್ಪ ಜೋರಾಗಿರಲಿ ಎಂದರು. ಹಿಂದೆಯೇ ಬಂದ ಎದುರುಮನೆಯ ನಿವೃತ್ತ ಮೇಷ್ಟ್ರು, ಕೇಳಿದರೆ ಅಳು ಬರಬೇಕು ಎಂದರು. ಇಬ್ಬರಿಗೂ ಅಲ್ಲೇ ವಾದ ಹತ್ತಿಕೊಂಡಿತು. ಸಂಗೀತಗಾರನಿಗೆ ನಿಜಕ್ಕೂ ಅಳು ಬಂತು.

ಹೇಗೋ ಮಧ್ಯಾಹ್ನದ ಹೊತ್ತಿಗೆ ರಾಗ ಒಂದು ದಡ ಮುಟ್ಟಿತು. ಅಷ್ಟರಲ್ಲಿ ಭಾವ ಅಂಗಿಗೆ ಇಸ್ತ್ರಿ ಹಾಕಲು ಹೋಗಿ ಮನೆಯ ಕರೆಂಟೆಲ್ಲ ಹೋಯಿತು. ಅದರ ಜೊತೆಗೆ, ಕಂಪ್ಯೂಟರಿನಲ್ಲಿ ಉಳಿಸಿಕೊಳ್ಳದೆ ಬಿಟ್ಟಿದ್ದ ರಾಗವೂ ಹೋಯಿತು. ಅವನು ಕತ್ತಲೆಯಲ್ಲಿ ಕೂತು, ಬೇರೇನೂ ತೋಚದೆ, ಆ ಹಳೆಯ ತುಣುಕನ್ನೇ ಮೊಬೈಲಿನಲ್ಲಿ ಹಾಕಿಕೊಂಡ.

ಸದ್ದು ನಿಂತಿತೆಂದು ಗಾಬರಿಯಾಗಿ ಮೇಲೆ ಬಂದ ಕೆಳಮನೆಯ ಅಜ್ಜಿ ಬಾಗಿಲಲ್ಲೇ ನಿಂತು ಕಿವಿಗೊಟ್ಟರು.

“ಇದನ್ನ ಮತ್ತೆ ಯಾಕಪ್ಪಾ ತೆಗೆದೆ? ನಿನ್ನ ಮದುವೆಯಾದ ವರ್ಷ ಇದನ್ನೇ ಬಾರಿಸಿ ಬಾರಿಸಿ ನಮ್ಮ ನಿದ್ದೆ ಕೆಡಿಸಿದ್ದೆ. ಆಗ ಇಷ್ಟು ನಿಧಾನ ಇರ್ಲಿಲ್ಲ, ಅಷ್ಟೆ.”

ಅವನು ಇನ್ನೊಮ್ಮೆ ಕೇಳಿದ. ಹೌದು, ಗುರುಗಳ ಯಾವುದೋ ಸಿನಿಮಾಕ್ಕೆ ತಾನೇ ಹಾಕಿದ್ದ ರಾಗ! ಸಂಕಲನಕಾರ ಅದರ ವೇಗ ತಗ್ಗಿಸಿದ್ದರಿಂದ ಹೆತ್ತವನಿಗೇ ಗುರುತು ಸಿಕ್ಕಿರಲಿಲ್ಲ. ಬೆಳಿಗ್ಗೆಯಿಂದ ಶಪಿಸಿದ್ದು ತನ್ನನ್ನೇ ಎಂದು ನಗುತ್ತ, ಎಡಗಾಲಿಗೆ ಭಾವನ ಚಪ್ಪಲಿ ಮೆಟ್ಟಿಕೊಂಡು ನಿರ್ದೇಶಕರ ಕಚೇರಿಗೆ ಓಡಿದ.

“ಸಾರ್, ನಿಮಗೆ ಹಿಡಿಸಿರೋ ಆ ರಾಗ ನಂದೇ. ಗುರುಗಳ ಹತ್ರ ಇದ್ದಾಗ ಮಾಡಿದ್ದು.”

ಯಾವ ಗುರುಗಳು ಎಂದು ನಿರ್ದೇಶಕರು ಕೇಳಿದರು. ಹೆಸರು ಕೇಳಿದ್ದೇ ಕುರ್ಚಿಯಿಂದ ಎದ್ದು ನಿಂತರು. ಅಷ್ಟು ದೊಡ್ಡವರ ನಂಬರ್ ಇದೆಯೇ ಎಂದು ಅವನದೇ ಮೊಬೈಲು ಇಸಿದುಕೊಂಡು, ಅಲ್ಲೇ ಮಾತಾಡಿದರು. ಗುರುಗಳಿಗೆ ಆ ರಾಗ ಚೆನ್ನಾಗಿ ನೆನಪಿತ್ತು. ಅದಕ್ಕಾಗಿ ತಾವು ಪಟ್ಟ ಪಾಡನ್ನೆಲ್ಲ ವಿವರಿಸಿ, ಧಾರಾಳವಾಗಿ ಒಪ್ಪಿಗೆ ಕೊಟ್ಟರಂತೆ. ಪೋಸ್ಟರಿನಲ್ಲಿ ತಮ್ಮ ಹೆಸರು ದಪ್ಪಕ್ಷರದಲ್ಲಿರಲಿ ಎಂದಷ್ಟೇ ಕೇಳಿಕೊಂಡರಂತೆ.

ಹಾಗಾದರೆ ತನ್ನ ಹೆಸರೆಲ್ಲಿ ಎಂದು ಸಂಗೀತಗಾರ ಕೇಳಿದ. ನಿರ್ದೇಶಕರು ಅವನ ಬೆನ್ನು ತಟ್ಟಿದರು.

“ಬೇಜಾರು ಮಾಡ್ಕೋಬೇಡಿ, ನಿಮ್ಮ ಹೆಸರೂ ತೆರೆ ಮೇಲೆ ಬರುತ್ತೆ. ಕೊನೇಲಿ ಕೃತಜ್ಞತೆ ಅಂತ ಹಾಕ್ತೀವಲ್ಲ, ಅಲ್ಲಿ. ನಂಬರ್ ಕೊಟ್ಟಿದ್ದಕ್ಕೆ.”