ನಮಗೆ ಬೇಡಾದ ಪುರಾವೆ

ವಕೀಲರ ಹತ್ತಿರ ಹೋದರೆ ಮುಚ್ಚಿಡುವ ವಿದ್ಯೆ ಕಲಿಸುತ್ತಾರೆಂದೇ ನಾನು ಬಹಳ ವರ್ಷ ನಂಬಿದ್ದೆ. ಇಲ್ಲದಿದ್ದರೆ ಅವರಿಗೆ ಫೀಸು ಯಾತಕ್ಕೆ? ಸತ್ಯವನ್ನಾದರೆ ನಾನೇ ಪುಕ್ಕಟೆ ಹೇಳಬಲ್ಲೆ. ಅದಕ್ಕೆ ನನಗೆ ಅಷ್ಟಾಗಿ ರೂಢಿಯಿಲ್ಲ ಎಂಬುದು ಬೇರೆ ಮಾತು.

ನಮ್ಮೂರು ಬೇವೂರು. ಹಿತ್ತಲಲ್ಲಿ ನನ್ನ ಹೆಂಡತಿ ಶಾಂತವ್ವನ ಹಿಟ್ಟಿನ ಗಿರಣಿಯಿದೆ. ಅದಕ್ಕೆ ದಾರಿಯೆಂದರೆ ನಮ್ಮ ಮನೆಗೂ ಪಕ್ಕದ ವೀರಣ್ಣನ ಮನೆಗೂ ನಡುವಿನ ಓಣಿ. ಅದು ತನ್ನೊಬ್ಬನದೇ ಎಂದು ವೀರಣ್ಣ ಒಂದು ಮುಂಜಾನೆ ಗೇಟು ಕೂರಿಸಿ ಬೀಗ ಜಡಿದ. ಜೋಳದ ಡಬ್ಬಿ ಹೊತ್ತು ಬಂದ ಹೆಂಗಸರು ನಮ್ಮ ಪಡಸಾಲೆ, ಅಡಿಗೆಮನೆ ಹಾದು ಗಿರಣಿಗೆ ಹೋಗತೊಡಗಿದರು. ಟವೆಲ್ಲು ಸುತ್ತಿಕೊಂಡು ಬಚ್ಚಲಿನಿಂದ ಹೊರಬರುವ ವೇಳೆಯನ್ನೇ ನಾನು ಬದಲಿಸಬೇಕಾಯಿತು. ಕ್ರಮೇಣ ಅವರಿಗೂ ನಾಚಿಕೆಯಾಗಿ ಬೇರೆ ಗಿರಣಿ ಹುಡುಕಿಕೊಂಡರು. ಶಾಂತವ್ವ ಕಷ್ಟಪಟ್ಟು ಬೆಳೆಸಿದ ಗಿರಣಿ ಮುಚ್ಚುವ ಹಾಗಾಯಿತು.

ಓಣಿ ಇಬ್ಬರದೂ ಹೌದೆಂದು ಅವಳು ಯಲಬುರ್ಗಾ ಕೋರ್ಟಿನಲ್ಲಿ ದಾವೆ ಹೂಡಿದಳು. ಕೆಲವು ತಾರೀಖು ಕಳೆದ ಮೇಲೆ ನಮ್ಮ ವಕೀಲರು ಹೊಸ ವಿಷಯ ಹೇಳಿದರು. ಓಣಿಗೆ ಸಂಬಂಧಪಟ್ಟದ್ದು ನಮ್ಮ ಹತ್ತಿರ ಏನೇನಿದೆಯೋ ಅಷ್ಟನ್ನೂ ಪ್ರಮಾಣ ಮಾಡಿ ತಿಳಿಸಬೇಕೆಂದು ಕೋರ್ಟಿನ ಆದೇಶವಂತೆ. ನಮಗೆ ಬೇಕಾದದ್ದೂ, ಬೇಡಾದದ್ದೂ, ಫೋನಿನಲ್ಲಿರುವುದೂ ಸೇರಿ. ಬೇಡಾದದ್ದನ್ನು ಯಾಕೆ ಹೇಳಬೇಕೆಂದು ಕೇಳಿದೆ. ವಕೀಲರು ಕನ್ನಡಕದ ಮೇಲಿಂದ ನನ್ನನ್ನು ನೋಡಿ, ಆದೇಶದ ಪ್ರತಿಯನ್ನು ಶಾಂತವ್ವನ ಕಡೆಗೆ ಸರಿಸಿದರು.

ಫೋನು ಎಂದೊಡನೆ ನಾನು ನನ್ನ ಜೇಬು ಮುಟ್ಟಿ ನೋಡಿಕೊಂಡಿದ್ದೆ. ಅದರಲ್ಲಿ ಗಿರಣಿ ಪೂಜೆಯ ಹಳೆಯ ವಿಡಿಯೋ ಇತ್ತು. ಮನೆಗೆ ಬಂದು ಹಚ್ಚಿ ನೋಡಿದೆ. ಈಗ ಇಲ್ಲದ ನಮ್ಮಪ್ಪ ವೀರಣ್ಣನ ತಾಯಿಗೆ ಕೈಮುಗಿದು, "ನೀವು ಅಪ್ಪಣಿ ಕೊಟ್ಟಿದ್ದಕ್ಕ ನಮ್ಮ ಗಿರಣಿಗೆ ದಾರಿ ಆತ್ರಿ" ಎನ್ನುತ್ತಿದ್ದ. ಅಲ್ಲಿಗೇ ನಿಲ್ಲಿಸಿದೆ. ಅಪ್ಪಣೆ ಕೇಳಿದೆವೆಂದರೆ ಓಣಿ ಅವರದೇ ಎಂದಾಯಿತಲ್ಲ! ಇಷ್ಟು ಕಾನೂನು ನನಗೂ ಗೊತ್ತು. ವಿಡಿಯೋ ಅಳಿಸಿಬಿಡೋಣ ಎಂದೆ. ಶಾಂತವ್ವ ಫೋನನ್ನೇ ಕಸಿದುಕೊಂಡಳು.

"ಪ್ರಮಾಣ ಮಾಡಾಕಿ ನಾನು. ಗಿರಣಿ ಹೋದರ ಹೋಗಲಿ. ಸುಳ್ಳು ಹೇಳಿ ನಾ ಹಿಟ್ಟು ಬೀಸಂಗಿಲ್ಲ."

ಮರುದಿನವೇ ಅದು ವಕೀಲರ ಕೈಸೇರಿತು. ನಾನು ಮುಖ ಊದಿಸಿಕೊಂಡು ಓಡಾಡಿದೆ. ಅವಳೇ ಸುಟ್ಟ ರೊಟ್ಟಿಯನ್ನು ಮಾತ್ರ ಬಿಡಲಿಲ್ಲ.

ಅದನ್ನು ಎದುರು ಪಕ್ಷದವರಿಗೆ ತೋರಿಸುವ ದಿನ ಎಲ್ಲರೂ ನಮ್ಮ ವಕೀಲರ ಆಫೀಸಿನಲ್ಲಿ ಕೂತೆವು. ವಕೀಲರು ಒಳಗೊಳಗೇ ನಗುತ್ತಿದ್ದರು. ಸೋಲುವವರ ಮೇಲಿನ ಕನಿಕರವೆಂದುಕೊಂಡೆ. ಅಪ್ಪನ ಮಾತು ಬಂದೊಡನೆ ವೀರಣ್ಣ ತೊಡೆ ತಟ್ಟಿದ. ನಾನು ಫ್ಯಾನು ನೋಡುತ್ತ ಕೂತೆ. ವಿಡಿಯೋ ಮಾತ್ರ ಮುಂದೆ ಓಡುತ್ತಿತ್ತು. ಅದರಲ್ಲಿ ವೀರಣ್ಣನ ತಾಯಿ ನಕ್ಕಳು.

"ಅಪ್ಪಣಿ ಎಂಥಾದ್ದ್ರಿ? ಓಣಿ ಇಬ್ಬರದೂ ಐತಿ. ನಿಮ್ಮ ಹಿರ್ಯಾರು, ನಮ್ಮ ಹಿರ್ಯಾರು ಕೂಡೇ ಜಾಗಾ ಬಿಟ್ಟಾರ."

ಆ ತಾಯಿಯೂ ತೀರಿಕೊಂಡು ಬಹಳ ದಿನವಾಗಿತ್ತು. ವೀರಣ್ಣ ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡ. ಆಮೇಲೆ ಮೆಲ್ಲಗೆ, "ಇನ್ನೊಮ್ಮೆ ಹಚ್ರಿ" ಎಂದ. ಹಚ್ಚಿದರು. ಟವೆಲ್ಲಿನಿಂದ ಕಣ್ಣೊರೆಸಿಕೊಂಡ. ಓಣಿಯ ಮಾತೆತ್ತದೆ, ಅವ್ವನ ವಿಡಿಯೋ ತನಗೂ ಕಳಿಸೆಂದು ಶಾಂತವ್ವನನ್ನು ಕೇಳಿಕೊಂಡ. ನಾವು ಬಸ್ಸಿಳಿದು ಮನೆ ಮುಟ್ಟುವಷ್ಟರಲ್ಲಿ, ಬೈಕಿನಲ್ಲಿ ಮೊದಲೇ ಬಂದಿದ್ದ ಅವನು ಬೀಗ ತೆಗೆದಿದ್ದ. ಮುಂದಿನ ತಾರೀಖಿಗೆ ಕೋರ್ಟಿನಲ್ಲಿ ರಾಜಿಯಾಯಿತು.

ಗಿರಣಿ ಮತ್ತೆ ಶುರುವಾದ ದಿನ ನಾನು ಮೀಸೆ ತಿರುವುತ್ತ, ಸತ್ಯವನ್ನು ಎಂದೂ ಮುಚ್ಚಿಡಬಾರದು ನೋಡು ಎಂದು ಶಾಂತವ್ವನಿಗೆ ಬುದ್ಧಿ ಹೇಳಿದೆ. ಅವಳು ಜೋಳ ಸುರಿಯುತ್ತಲೇ ಅಂದಳು:

"ಇನ್ನೊಮ್ಮೆ ಏನರ ಮುಚ್ಚಿಡೋದಿದ್ರ, ಮೊದಲ ಪೂರ್ತಿ ನೋಡ್ರಿ."

ಗಿರಣಿಯ ಸದ್ದಿನಲ್ಲಿ ನನಗೆ ಏನೂ ಕೇಳಿಸಲಿಲ್ಲ ಎಂದೇ ಈವರೆಗೂ ಹೇಳುತ್ತ ಬಂದಿದ್ದೇನೆ.