ಒಡೆದ ದೇಶ, ಒಂದು ಕಪ್ ಚಹಾ

ದೊಡ್ಡ ಮಾತಾಡಲು ವೇದಿಕೆ ಹಾಕಿದಾಗಲೆಲ್ಲ ನಮ್ಮ ಜಿಲ್ಲೆಯ ಜನ ಯಾವುದೋ ಸಣ್ಣ ಮಾತಿಗೇ ಗಂಟುಬೀಳುತ್ತಾರೆ. ನಾನು ರಾಯಚೂರಿನ ಕಾಲೇಜೊಂದರಲ್ಲಿ ತತ್ತ್ವಶಾಸ್ತ್ರದ ಮಾಸ್ತರ. ನನಗೆ ಪಾಠ ಹೇಳಿದ ಇಬ್ಬರು ತತ್ತ್ವಜ್ಞಾನಿಗಳು, ಕನ್ನಡಕದ ಸರ್ ಮತ್ತು ಮೀಸೆ ಸರ್, ಆರು ವರ್ಷದಿಂದ ಮಾತು ಬಿಟ್ಟಿದ್ದರು. ದೇಶಕ್ಕೆಲ್ಲ ಒಂದೇ ದಾರಿ ಇರಬೇಕು ಎಂದು ಒಬ್ಬರು, ಊರಿಗೊಂದು ದಾರಿ ಇರಲಿ ಎಂದು ಇನ್ನೊಬ್ಬರು. ಅವರ ಮಾತು ಇವರಿಗೆ ಮುಟ್ಟಿಸುವ ಕೆಲಸ ನನ್ನದು. ಇಬ್ಬರೂ ನನಗೆ ತಂದೆಯಂಥವರು. ಹೇಗಾದರೂ ಒಂದುಮಾಡಬೇಕೆಂದು ‘ಒಡೆದ ದೇಶ, ಮುಂದೇನು?’ ಎಂಬ ಬಹಿರಂಗ ಸಂವಾದವನ್ನು ಮೂರು ಊರಲ್ಲಿ ಇಟ್ಟೆ.

ರಾಯಚೂರು

ಎರಡು ತಾಸು ಭಾಷಣ ಮುಗಿದ ಮೇಲೆ ಬಟ್ಟೆ ಅಂಗಡಿಯ ಯಜಮಾನರೊಬ್ಬರು ಎದ್ದರು. “ದೇಶದ್ದು ತಿಳೀತ್ರೀ ಸರ. ನೀವಿಬ್ರೂ ಒಬ್ಬರ ಮುಖ ಒಬ್ರು ಯಾಕ ನೋಡವಲ್ರಿ?”

ಕನ್ನಡಕದ ಸರ್ ನನ್ನತ್ತ ತಿರುಗಿ, “ಇದು ಇವತ್ತಿನ ವಿಷಯ ಅಲ್ಲ ಅಂತ ಹೇಳು” ಅಂದರು. ಮೀಸೆ ಸರ್ ಕೂಡ ನನಗೇ, “ನಂದೂ ಅದ ಅಭಿಪ್ರಾಯ ಅಂತ ಅವರಿಗೆ ಹೇಳು” ಅಂದರು.

ಆರು ವರ್ಷದಲ್ಲಿ ಇಬ್ಬರೂ ಒಪ್ಪಿದ ಮೊದಲ ಸಂಗತಿ ಅದು.

ಮಾನ್ವಿ

ಇಲ್ಲಿ ಸಂವಾದ ಒಂದು ಹೋಟೆಲಿನ ಮುಂದೆ. ಜನ ಎರಡು ಪಕ್ಷವಾಗಿ ಕೂಗಾಡುತ್ತಿರುವಾಗಲೇ ಬಾಣಲೆಯಿಂದ ಬಿಸಿ ಮಿರ್ಚಿ ಭಜಿ ಎದ್ದವು. ಎರಡೂ ಪಕ್ಷ ಒಮ್ಮೆಲೇ ನುಗ್ಗಿದವು. ಹೋಟೆಲಿನಾಕೆ ಜಾಲರಿ ಸೌಟು ಅಡ್ಡ ಹಿಡಿದು, “ವಿಚಾರ ಎರಡಿರ್ಲಿ, ಸಾಲು ಒಂದ ಮಾಡ್ರಿ” ಅಂದಳು. ಸಾಲಾಯಿತು. ಸರ್‌ಗಳೂ ನಿಂತರು, ನಡುವೆ ನನ್ನನ್ನು ನಿಲ್ಲಿಸಿಕೊಂಡು.

ದೇವದುರ್ಗ

ಹತ್ತಿ ಬಿಡಿಸಿ ಬಂದ ಹೆಂಗಸರು ಬೇವಿನ ಗಿಡದ ಕೆಳಗೆ ಕೂತಿದ್ದರು. ಅವರಲ್ಲಿ ಓಣಿಯ ಜಗಳ ಬಿಡಿಸುವ ಅಜ್ಜಿಯೊಬ್ಬಳು ಎಲ್ಲ ಕೇಳಿ, “ದೇಶದ್ದು ನಾಳಿ ನೋಡೂಣು. ಮೊದ್ಲು ಇವರದು ಮುಗಸ್ರಿ” ಅಂದಳು. ಅವರ ಓಣಿಯಲ್ಲಿ ರಾಜಿ ಎಂದರೆ ಒಂದೇ ಚಹಾ: ಕಪ್ಪಿನಲ್ಲಿ ಉಳಿದದ್ದು ಒಬ್ಬರಿಗೆ, ಕೆಳಗಿನ ಬಶಿಗೆ ಸುರಿದದ್ದು ಇನ್ನೊಬ್ಬರಿಗೆ. ಚಹಾ ಬಂತು. “ನೀ ನಡುವ ಯಾಕ ಕುಂತೀಯಪ್ಪಾ? ಏಳು” ಎಂದು ನನ್ನನ್ನು ಎಬ್ಬಿಸಿದಳು.

ಮೀಸೆ ಸರ್ ಬಶಿ ಎತ್ತಿದವರು ತಡೆದು, ನೇರವಾಗಿ ಕೇಳಿದರು, “ನಿಮಗ ಸಕ್ರಿ ಆಗಂಗಿಲ್ಲಲ್ರೀ?”

“ಇವತ್ತೊಂದಿನ ನಡೀತದ” ಅಂದರು ಕನ್ನಡಕದ ಸರ್. ನನ್ನ ಕಣ್ಣು ತುಂಬಿತು.

ಆ ಸಂತೋಷ ಜೀಪು ಹೊರಡುವ ತನಕ. ಹಿಂದಿನ ಸೀಟಿನಲ್ಲಿ ಜೊತೆಗೆ ಕೂತ ಇಬ್ಬರೂ ನಾನು ಆರು ವರ್ಷ ಮುಟ್ಟಿಸಿದ ಮಾತನ್ನೆಲ್ಲ ತಾಳೆ ನೋಡತೊಡಗಿದರು.

“ನಿಮ್ಮ ವಿಚಾರಕ್ಕ ಗೌರವ ಅದ ಅಂತ ನಾ ಯಾವಾಗ ಹೇಳಿದ್ದೆ? ನಾ ಬೈದಿದ್ದೆ” ಅಂದರು ಕನ್ನಡಕದ ಸರ್.

“ಬೈದದ್ದು ಒಂದೂ ನನಗ ಮುಟ್ಟಿಲ್ಲಲ್ರೀ” ಅಂದರು ಮೀಸೆ ಸರ್. ಇಬ್ಬರೂ ನನ್ನನ್ನು ದುರುಗುಟ್ಟಿ ನೋಡಿದರು. ಮೀಸೆ ಸರ್ ಮತ್ತೆ ಅವರತ್ತ ತಿರುಗಿದರು. “ಹಂಗಾದ್ರ ಈಗ ಬೈರಿ, ಕೇಳ್ತೀನಿ. ಆಮ್ಯಾಲ ನಂದು ಕೇಳ್ರಿ.”

ದಾರಿಯಲ್ಲಿನ ಗಬ್ಬೂರಿನ ತನಕ ಕನ್ನಡಕದ ಸರ್ ಬೈದರು, ಮೀಸೆ ಸರ್ ಹೊಟ್ಟೆ ಹಿಡಿದುಕೊಂಡು ನಕ್ಕರು. ಆಮೇಲೆ ಸರದಿ ಬದಲಾಯಿತು. ರಾಯಚೂರು ಬಂತು, ಜೀಪು ನಿಂತಿತು, ಇಬ್ಬರೂ ಇಳಿಯಲಿಲ್ಲ. ಇನ್ನೂ ನಾಲ್ಕು ವರ್ಷದ ಬೈಗುಳ ಬಾಕಿ ಇತ್ತಂತೆ.