ದನಿ ಒಡೆದವರಿಗೆ ಆರತಿ

ನಮ್ಮ ಸೋದರಮಾವನಿಗೆ ತಲೆ ಕೆಟ್ಟಿದೆ ಎಂದು ಕಮಲಾಪುರವೆಲ್ಲ ಹೇಳುತ್ತಿತ್ತು. ನಾನು ಮಾತ್ರ ಒಪ್ಪುತ್ತಿರಲಿಲ್ಲ. ಕೆಡಬೇಕಾದರೆ ಮೊದಲು ಅದು ನೆಟ್ಟಗಿರಬೇಕಲ್ಲ!

ನಮ್ಮನ್ನು ಮದರಾಸಿನ ಸರಕಾರ ಆಳುತ್ತಿದೆ ಎಂದು ಶಾಲೆಯಲ್ಲಿ ಹೇಳಿಕೊಡುತ್ತಿದ್ದ ಕಾಲ ಅದು. ಸುಳ್ಳು! ನಮ್ಮನ್ನು ಆಳುತ್ತಿದ್ದವನು ಮಾವ. ನನ್ನನ್ನೂ ಸೇರಿಸಿಕೊಂಡು ಹುಡುಗರದೇ ಒಂದು ಭಜನಾ ಮೇಳ ಕಟ್ಟಿದ್ದ. ಹುಡುಗರನ್ನು ಎಲ್ಲಿಂದ ತರುತ್ತಿದ್ದ ಅಂತೀರಿ? ಗದ್ದೆಯಿಂದ! ಭತ್ತ ಹಾಲುಗಟ್ಟುವ ಹೊತ್ತಿಗೆ ಬುಕ್ಕಸಾಗರದ ಬದುಗಳ ಮೇಲೆ ತಿರುಗುತ್ತ, ಹಕ್ಕಿ ಓಡಿಸಲು ಕೂಗುವವರಲ್ಲಿ ಯಾರ ದನಿ ಇಂಪಾಗಿದೆಯೋ ಅವನನ್ನು ಎಬ್ಬಿಸಿಕೊಂಡು ಬರುತ್ತಿದ್ದ. ಒಮ್ಮೆ ಒಬ್ಬ ರೈತ ಬೆನ್ನಟ್ಟಿ ಬಂದ.

"ನನ್ನ ಹೊಲದಾಗ ಹಕ್ಕಿ ಯಾರು ಕಾಯ್ಬೇಕ್ರಿ?"

"ನಿನ್ನ ಮಗನ ದನಿ ಭಾಳ ಮಸ್ತ್ ಐತಿ. ಹಕ್ಕಿ ಓಡಂಗಿಲ್ಲ, ಕೇಳಕೋಂತ ಕುಂದರ್ತಾವು. ನೀನ ಕೂಗು, ಊರ ಬಿಟ್ಟು ಹೋಗ್ತಾವು!"

ರೈತ ಬೈಯುತ್ತ ಹೋದ. ಮಗ ಮೇಳದಲ್ಲಿ ಉಳಿದ.

ಮೇಳದ ಮೊದಲ ಕಟ್ಟಳೆ, ಹುಣಸೆ ಮುಟ್ಟಬಾರದು. ಗಂಟಲು ಕೆಡುತ್ತದಲ್ಲ! ಹಂಪಿ ಬಜಾರಿನ ಕಲ್ಲುಮಂಟಪದಲ್ಲಿ ತಾಲೀಮು. ಶುರುವಾಗುವ ಮುನ್ನ ಸಾಲಾಗಿ ನಿಂತು ನಾಲಿಗೆ ತೋರಿಸಬೇಕು. ಒಂದು ದಿನ ಬುತ್ತಿ ತಂದ ಅತ್ತೆ ಈ ಸಾಲು ನೋಡಿ, "ಮೊದ್ಲ ನಿಮ್ಮ ನಾಲಿಗಿ ತೋರಿಸ್ರಿ" ಎಂದಳು. ಮಾವ ಬಾಯಿ ತೆರೆಯಲೇ ಇಲ್ಲ! ಮನೆಯ ಹುಣಸೆ ತೊಕ್ಕು ಯಾರು ಖಾಲಿ ಮಾಡುತ್ತಿದ್ದರೆಂದು ಅಂದು ಗೊತ್ತಾಯಿತು.

ಆದರೆ ನೋಡಬೇಕಾದದ್ದು ಬೀಳ್ಕೊಡುಗೆ. ಹರೆಯ ಬಂದು ದನಿ ಒಡೆದ ಹುಡುಗನನ್ನು ಮಣೆಯ ಮೇಲೆ ಕೂರಿಸಿ, ರುಮಾಲು ಸುತ್ತಿ, ಕೊಬ್ಬರಿ ಬೆಲ್ಲ ಕೊಟ್ಟು, ಉಳಿದವರು ಹಾಡುತ್ತಿರಲು ಮಾವನೇ ಆರತಿ ಬೆಳಗುತ್ತಿದ್ದ. ಗಂಡಸು ಆರತಿ ಬೆಳಗುವುದೆ? ಊರೆಲ್ಲ ನಕ್ಕಿತು. ಮಣೆಯ ಮೇಲಿದ್ದ ಒಬ್ಬ ಹುಡುಗನಂತೂ ಮದುವೆಯೆಂದೇ ತಿಳಿದು "ಹೆಣ್ಣು ಎಲ್ಲೈತ್ರಿ?" ಎಂದು ಕೇಳಿದ! ಒಮ್ಮೆ ಆರತಿಯಾದವನು ಮತ್ತೆ ಮೇಳದಲ್ಲಿ ಹಾಡುವಂತಿಲ್ಲ.

ಒಂದು ಸಂಜೆ ಹಾಡಿನ ನಡುವೆ ನನ್ನ ಗಂಟಲಿನಿಂದ ಎಮ್ಮೆಕರು ಕೂಗಿತು. ಅಯ್ಯೋ ದೇವರೇ! ಮೇಳವೇ ನನ್ನ ಜೀವವಾಗಿತ್ತು.

"ಬರೇ ಬಾಯಿ ಆಡಿಸ್ತೀನಿ ಮಾವ, ಆರತಿ ಬ್ಯಾಡ!"

ಮಾವ ಕೇಳಲಿಲ್ಲ. ಮರುದಿನ ಆರತಿ ಆಗಿಯೇ ಹೋಯಿತು. ಮಂಟಪದ ಮೆಟ್ಟಿಲ ಮೇಲೆ ಕೂತು ಬಿಕ್ಕುತ್ತಿದ್ದೆ. ಹುಡುಗರನ್ನೆಲ್ಲ ಮನೆಗೆ ಕಳಿಸಿ, ಮಾವ ಆರತಿ ತಟ್ಟೆ ಹಿಡಿದೇ ಬಂದು ಪಕ್ಕದಲ್ಲಿ ಕುಳಿತ.

"ನಾನೂ ಸಣ್ಣಾಂವಿದ್ದಾಗ ಇಂಥಾದ ಒಂದು ಮೇಳದಾಗ ಹಾಡ್ತಿದ್ದೆ. ದನಿ ಒಡೀತು. ಹಾಡ ನಿಲ್ಲಿಸಿ, 'ಎದ್ದು ಹೋಗಲೇ' ಅಂದ್ರು. ಅಷ್ಟು ಮಂದಿ ಮುಂದ ಒಬ್ಬನ ಎದ್ದು ಹೋದೆ. ನಮ್ಮ ಹುಡುಗ್ರು ಹಂಗ ಹೋಗಬಾರ್ದು."

ಮಾವ ಇಷ್ಟು ಮೆಲ್ಲಗೆ ಮಾತಾಡಿದ್ದನ್ನು ನಾನು ಕೇಳಿರಲಿಲ್ಲ. ತಟ್ಟೆಯ ಬತ್ತಿ ಇನ್ನೂ ಉರಿಯುತ್ತಿತ್ತು. ನನ್ನ ರುಮಾಲು ತೆಗೆದು ಅವನ ತಲೆಗಿಟ್ಟು, ತಟ್ಟೆ ಕಸಿದುಕೊಂಡೆ.

"ಏನ್ ಮಾಡ್ತೀಲೇ?"

"ಸುಮ್ನ ಕುಂದ್ರು ಮಾವ. ನಿನ್ನ ದನಿನೂ ಒಡದೈತಿ."

ಹಾಡುತ್ತ ಆರತಿ ಬೆಳಗಿದೆ. ನಡುವೆ ಎಮ್ಮೆಕರು ಮತ್ತೆ ಕೂಗಿತು. ಮಾವ ನಗಲಿಲ್ಲ. ಕಣ್ಣೊರೆಸಿಕೊಂಡು, ಕೊಬ್ಬರಿ ಬೆಲ್ಲಕ್ಕೆ ಎರಡೂ ಕೈ ಚಾಚಿದ.